ಹೈಡ್ರೇಂಜಿಯ ಎಲೆ ಬಾಡಿದೆ, ಹೂ ಬಿಡುತ್ತಿಲ್ಲ: ಮದ್ದು ಹೊಡೆಯುವ ಮೊದಲು ನೋಡಬೇಕಾದದ್ದು

"ಎಲೆ ಜೋತು ಬಿದ್ದಿದೆ, ಏನು ಹಾಕಲಿ?" "ಗಿಡ ಸೊಂಪಾಗಿದೆ, ಎರಡು ವರ್ಷದಿಂದ ಒಂದು ಹೂವೂ ಇಲ್ಲ." "ನೀಲಿ ಅಂತ ತಂದೆ, ಈಗ ಗುಲಾಬಿ ಬಣ್ಣ ಬಿಟ್ಟಿದೆ." ಹೈಡ್ರೇಂಜಿಯ ಬೆಳೆಸುವವರು ಕೇಳುವ ಪ್ರಶ್ನೆಗಳು ಸುತ್ತಿ ಬಳಸಿ ಇವೇ. ಜೊತೆಗೆ ಇನ್ನೊಂದು ಮಾತೂ ಇರುತ್ತದೆ: "ಬೇವಿನೆಣ್ಣೆ ಹೊಡೆದೆ, ಗೊಬ್ಬರ ಹಾಕಿದೆ, ಏನೂ ಆಗಲಿಲ್ಲ."

ಆಗದಿರಲು ಕಾರಣವಿದೆ. ಈ ಗಿಡದ ತೊಂದರೆಗಳಲ್ಲಿ ಬಹುಪಾಲು ರೋಗವೇ ಅಲ್ಲ. ನೀರು, ಬಿಸಿಲು, ಕತ್ತರಿ, ಈ ಮೂರರಲ್ಲಿ ಎಲ್ಲೋ ಒಂದು ಕಡೆ ನಾವೇ ಎಡವಿರುತ್ತೇವೆ. ನೀರಿನ ತೊಂದರೆಗೆ ಬೇವಿನೆಣ್ಣೆ ಹೊಡೆದರೆ ಗಿಡಕ್ಕೆ ಏನು ಉಪಯೋಗ? ಅದಕ್ಕೇ ಇಲ್ಲಿ ನೋಡುವ ಕೆಲಸ ಮೊದಲು, ಮದ್ದು ಆಮೇಲೆ. ಹಂತಗಳನ್ನು ಇದೇ ಕ್ರಮದಲ್ಲಿ ಮಾಡಿ. ನಡುವೆ ನಿಮ್ಮ ತೊಂದರೆ ಸಿಕ್ಕಿತು ಅನ್ನಿಸಿದರೂ ಮೊದಲ ಎರಡು ಹಂತ ಮಾತ್ರ ಬಿಡಬೇಡಿ.

ಏನೇನು ಬೇಕು

ಹರಿತವಾದ ಗಿಡ ಕತ್ತರಿ. ಅದನ್ನು ಒರೆಸಲು ಸ್ಪಿರಿಟ್ ಮತ್ತು ಬಟ್ಟೆ. ಒಂದು ಬಿಳಿ ಹಾಳೆ. ಕೈಗವಸು, ಯಾಕೆಂದರೆ ಇದರ ರಸ ತಾಗಿ ಕೆಲವರಿಗೆ ಚರ್ಮ ತುರಿಸುತ್ತದೆ. ಮಣ್ಣಿನ ರಸಸಾರ ನೋಡುವ ಕಿಟ್. ರಸಸಾರ ಅಂದರೆ ಮಣ್ಣು ಎಷ್ಟು ಹುಳಿ, ಎಷ್ಟು ಕ್ಷಾರ ಅನ್ನುವ ಅಳತೆ. 7 ನಡುಮಟ್ಟ, ಅದಕ್ಕಿಂತ ಕೆಳಗೆ ಹೋದರೆ ಹುಳಿ, ಮೇಲೆ ಹೋದರೆ ಕ್ಷಾರ. ಪಿಎಚ್ ಅನ್ನುವುದೂ ಇದನ್ನೇ. ಕೈಗೆ ಭೂತಗನ್ನಡಿ ಸಿಕ್ಕರೆ ಒಳ್ಳೆಯದು, ಇಲ್ಲದಿದ್ದರೆ ಫೋನಿನ ಕ್ಯಾಮೆರಾದಲ್ಲಿ ಹತ್ತಿರದಿಂದ ಫೋಟೋ ತೆಗೆದು ದೊಡ್ಡದು ಮಾಡಿ ನೋಡಿ. ಅಷ್ಟೇ ಸಾಕು.

ಒಂದು ಎಚ್ಚರಿಕೆ ಮೊದಲೇ ಹೇಳಿಬಿಡುತ್ತೇನೆ. ಹೈಡ್ರೇಂಜಿಯದ ಎಲೆ, ಮೊಗ್ಗು, ಹೂವು ಎಲ್ಲದರಲ್ಲೂ ಹೊಟ್ಟೆಗೆ ಹೋದರೆ ಸಯನೈಡ್ ಬಿಡುವ ಅಂಶ ಇದೆ. ಸವರಿದ ಕಡ್ಡಿ, ಎಲೆಗಳನ್ನು ನಾಯಿ, ಬೆಕ್ಕು, ದನ, ಚಿಕ್ಕ ಮಕ್ಕಳ ಕೈಗೆ ಬಾಯಿಗೆ ಸಿಗುವ ಹಾಗೆ ಬಿಡಬೇಡಿ.

ಹಂತ 1: ನಿಮ್ಮದು ಯಾವ ಹೈಡ್ರೇಂಜಿಯ?

ಸುಮ್ನೆ ಹೈಡ್ರೇಂಜಿಯ ಅಂದರೆ ಸಾಲದು. ಒಂದು ಜಾತಿಗೆ ಒಳ್ಳೆಯದಾಗುವುದು ಇನ್ನೊಂದಕ್ಕೆ ಕೆಡುಕಾಗುತ್ತದೆ, ಮುಖ್ಯವಾಗಿ ಸವರುವ ವಿಷಯದಲ್ಲಿ. ತೋಟಗಳಲ್ಲಿ ಕಾಣುವುದು ಹೆಚ್ಚಾಗಿ ನಾಲ್ಕು ಜಾತಿ.

ಮ್ಯಾಕ್ರೋಫಿಲ್ಲಾ: ದಪ್ಪ, ಅಗಲ, ಹೊಳೆಯುವ ಎಲೆ. ಚೆಂಡಿನಂತಹ ಹೂಗೊಂಚಲು, ಇಲ್ಲವೇ ನಡುವೆ ಪುಟಾಣಿ ಹೂ, ಸುತ್ತ ಅಂಚಿಗೆ ದೊಡ್ಡ ಹೂ ಇರುವ ಚಪ್ಪಟೆ ಗೊಂಚಲು. ನೀಲಿ, ಗುಲಾಬಿ ಅಂತ ಬಣ್ಣ ಬದಲಿಸುವುದು ಇದು ಮತ್ತು ಇದರ ಚಿಕ್ಕ ಸಂಬಂಧಿ ಸೆರ್ರಾಟಾ. ಕುಂಡದಲ್ಲಿ ಮಾರಾಟಕ್ಕೆ ಬರುವುದು ಬಹುಮಟ್ಟಿಗೆ ಮ್ಯಾಕ್ರೋಫಿಲ್ಲಾವೇ.

ಪ್ಯಾನಿಕ್ಯುಲೇಟಾ: ಹೂಗೊಂಚಲು ಶಂಕುವಿನಂತೆ ಉದ್ದಕ್ಕೆ ಮೊನಚು. ಬಿಳಿಯಾಗಿ ಅರಳಿ, ಹಳತಾಗುತ್ತಾ ಗುಲಾಬಿಗೆ ತಿರುಗುತ್ತದೆ. ಬಿಸಿಲು ತಡೆಯುವುದರಲ್ಲಿ ನಾಲ್ಕರಲ್ಲಿ ಇದೇ ಗಟ್ಟಿ.

ಅರ್ಬೊರೆಸೆನ್ಸ್: ತೆಳು ಎಲೆ, ಬಿಳಿ ದುಂಡು ಗೊಂಚಲು. 'ಅನಾಬೆಲ್' ಅನ್ನುವ ತಳಿ ಇದರದ್ದು.

ಕ್ವೆರ್ಸಿಫೋಲಿಯ: ಎಲೆ ಹಸ್ತದ ಹಾಗೆ ಸೀಳಿರುತ್ತದೆ. ನೋಡಿದ ಕೂಡಲೇ ಗೊತ್ತಾಗುತ್ತದೆ.

ಜಾತಿ ಗೊತ್ತಾಯಿತೇ? ಚೀಟಿಯ ಮೇಲೆ ಬರೆದು ಕುಂಡಕ್ಕೆ ಸಿಕ್ಕಿಸಿಬಿಡಿ. ಹಂತ 7ರಲ್ಲಿ ಮತ್ತೆ ಬೇಕಾಗುತ್ತದೆ.

ಹಂತ 2: ಎಲೆ ಜೋತು ಬಿದ್ದಿದ್ದರೆ, ಬೆರಳನ್ನು ಮಣ್ಣಿಗೆ ಇಳಿಸಿ

ಎಲ್ಲರೂ ತಪ್ಪುವುದು ಇಲ್ಲೇ. ಎಲೆ ಜೋತು ಬಿದ್ದದ್ದು ಕಂಡ ಕೂಡಲೇ ನೀರು ಸುರಿಯುತ್ತೇವೆ. ಹೈಡ್ರೇಂಜಿಯ ಜೋತು ಬೀಳುವುದಕ್ಕೆ ಮೂರು ಬೇರೆ ಬೇರೆ ಕಾರಣಗಳಿವೆ, ಮೂರಕ್ಕೂ ಪರಿಹಾರ ಬೇರೆ.

ಮೊದಲನೆಯದು, ಸೆಕೆ. ಇದರ ಎಲೆ ಅಗಲ, ಅದರಿಂದ ಆರುವ ನೀರು ಜಾಸ್ತಿ. ಮಧ್ಯಾಹ್ನದ ಬಿಸಿಗೆ ಬೇರು ಎಳೆದು ಕೊಡುವುದಕ್ಕಿಂತ ಬೇಗ ಎಲೆಯಿಂದ ನೀರು ಆರಿಹೋಗುತ್ತದೆ. ಮಣ್ಣು ಒದ್ದೆ ಇದ್ದರೂ ಎಲೆ ಬೀಳುತ್ತದೆ. ಸಂಜೆ ತಂಪಾದ ಮೇಲೆ ತಾನಾಗಿ ಎದ್ದು ನಿಲ್ಲುತ್ತದೆ. ಇದು ರೋಗವಲ್ಲ, ಬಾಯಾರಿಕೆಯೂ ಅಲ್ಲ. ಈ ಹೊತ್ತಿನಲ್ಲಿ ನೀರು ಹಾಕುತ್ತಾ ಹೋದರೆ ಮೂರನೆಯ ಕಾರಣವನ್ನು ನೀವೇ ಕರೆತಂದ ಹಾಗೆ.

ಎರಡನೆಯದು, ನಿಜವಾದ ಬಾಯಾರಿಕೆ. ಬೆಳಿಗ್ಗೆ ಎದ್ದು ನೋಡಿದಾಗಲೂ ಎಲೆ ಜೋತಿದೆ, ಬೆರಳನ್ನು ಎರಡು ಗೆಣ್ಣಿನಷ್ಟು ಒಳಗೆ ಇಳಿಸಿದರೆ ಮಣ್ಣು ಒಣಗಿದೆ. ಹಾಗಿದ್ದರೆ ಬುಡಕ್ಕೆ ನಿಧಾನವಾಗಿ, ಆಳಕ್ಕೆ ಇಳಿಯುವ ಹಾಗೆ ನೀರು ಕೊಡಿ. ನೆಲದಲ್ಲಿರುವ ಗಿಡಕ್ಕೆ ವಾರಕ್ಕೆ ಸುಮಾರು 2.5 ಸೆಂಟಿಮೀಟರ್ ಮಳೆ ಬಿದ್ದಷ್ಟು ನೀರು ಸಾಮಾನ್ಯ ಲೆಕ್ಕ. ಕುಂಡದ ಗಿಡಕ್ಕೆ ಸೆಕೆಯಲ್ಲಿ ದಿನವೂ ಬೇಕಾಗಬಹುದು. ಕುಂಡದ ಮಣ್ಣು ಪೂರ್ತಿ ಒಣಗಿ ಅಂಚಿನಿಂದ ಬಿಟ್ಟುಕೊಂಡಿದ್ದರೆ ಮೇಲಿಂದ ಹಾಕಿದ ನೀರು ಪಕ್ಕದಲ್ಲೇ ಜಾರಿ ಕೆಳಗೆ ಹೋಗುತ್ತದೆ, ಬೇರಿಗೆ ಸಿಗುವುದಿಲ್ಲ. ಆಗ ಕುಂಡವನ್ನು ಒಂದು ಬಕೆಟ್ ನೀರಿನಲ್ಲಿ ಅರ್ಧ ಗಂಟೆ ಕೂರಿಸಿ, ಆಮೇಲೆ ಎತ್ತಿ ಬಸಿಯಲು ಬಿಡಿ.

ಮೂರನೆಯದು, ಬೇರು ಕೊಳೆತಿರುವುದು. ಮಣ್ಣು ಹಸಿಯಾಗಿಯೇ ಇದೆ, ಆದರೂ ಎಲೆ ಬೆಳಿಗ್ಗೆಯೂ ಏಳುವುದಿಲ್ಲ, ಕೆಳಗಿನ ಎಲೆ ಹಳದಿಯಾಗಿ ಉದುರುತ್ತಿದೆ. ನೀರು ನಿಂತ ಮಣ್ಣಿನಲ್ಲಿ ಬೇರಿಗೆ ಗಾಳಿ ಸಿಗುವುದಿಲ್ಲ, ಫೈಟಾಫ್ತೊರಾ, ಪಿಥಿಯಂ ಜಾತಿಯ ಕೊಳೆ ರೋಗಾಣುಗಳು ಸೇರಿಕೊಳ್ಳುತ್ತವೆ. ಬೇರೇ ಹೋದ ಮೇಲೆ ನೀರು ಇದ್ದೂ ಗಿಡಕ್ಕೆ ಕುಡಿಯಲಾಗುವುದಿಲ್ಲ. ಹೊರಗಿನಿಂದ ನೋಡಿದರೆ ಬಾಯಾರಿದ ಗಿಡದ ಹಾಗೇ ಕಾಣುತ್ತದೆ, ಮೋಸ ಆಗುವುದು ಅದಕ್ಕೇ.

ಕುಂಡದಿಂದ ಗಿಡವನ್ನು ಜಾರಿಸಿ ತೆಗೆದು ಬೇರು ನೋಡಿ. ಬೆಳ್ಳಗೆ ಗಟ್ಟಿಯಾಗಿದ್ದರೆ ಆರೋಗ್ಯ. ಕಂದು ಬಣ್ಣಕ್ಕೆ ತಿರುಗಿ, ಹಿಸುಕಿದರೆ ಸಿಪ್ಪೆ ಕಳಚಿ ಬಂದರೆ ಕೊಳೆತಿದೆ. ಕೊಳೆತದ್ದನ್ನೆಲ್ಲ ಕತ್ತರಿಸಿ, ನೀರು ಬಸಿದು ಹೋಗುವ ಹೊಸ ಮಣ್ಣಿಗೆ ಬದಲಿಸಿ, ನೆರಳಿನಲ್ಲಿಡಿ. ಕುಂಡದ ಕೆಳಗಿನ ತಟ್ಟೆಯಲ್ಲಿ ನಿಂತ ನೀರನ್ನು ಚೆಲ್ಲಿ. ಅರ್ಧಕ್ಕಿಂತ ಜಾಸ್ತಿ ಬೇರು ಹೋಗಿದ್ದರೆ ಗಿಡ ಉಳಿಯುವ ಆಸೆ ಕಡಿಮೆ. ಗಟ್ಟಿ ಇರುವ ಒಂದೆರಡು ಕಡ್ಡಿ ತೆಗೆದು ಬೇರೆ ಕಡೆ ನೆಟ್ಟು ಬೇರು ಬರಿಸುವುದು ಜಾಣತನ.

ನೆನಪಿಡಿ: ಬೆಳಿಗ್ಗೆಯ ನೋಟವೇ ನಿಜವಾದ ನೋಟ. ಮಧ್ಯಾಹ್ನ ಎರಡು ಗಂಟೆಗೆ ಈ ಗಿಡದ ಬಗ್ಗೆ ಯಾವ ತೀರ್ಮಾನವನ್ನೂ ಮಾಡಬೇಡಿ.

ಹಂತ 3: ಅಂಚು ಸುಟ್ಟಿದೆಯಾ?

ಎಲೆಯ ಅಂಚು, ತುದಿ ಕಂದಾಗಿ ಗರಿಗರಿ ಒಣಗಿದ್ದು, ನಡುಭಾಗ ಹಸಿರಾಗೇ ಇದ್ದರೆ ಅದು ರೋಗದ ಚುಕ್ಕೆ ಅಲ್ಲ, ಸುಟ್ಟ ಗಾಯ. ಸುಡುವುದು ಮೂರು: ಮಧ್ಯಾಹ್ನದ ಬಿಸಿಲು, ಬಿಸಿ ಒಣಗಾಳಿ, ಇಲ್ಲವೇ ಮಣ್ಣಿನಲ್ಲಿ ಸೇರಿದ ಉಪ್ಪು.

ಬಿಸಿಲು ಮತ್ತು ಗಾಳಿಯ ಗಾಯ ಆ ದಿಕ್ಕಿಗೆ ಮುಖ ಮಾಡಿದ ಎಲೆಗಳಲ್ಲಿ ಮಾತ್ರ ಜಾಸ್ತಿ ಇರುತ್ತದೆ. ಮ್ಯಾಕ್ರೋಫಿಲ್ಲಾಗೆ ಬೆಳಗಿನ ಬಿಸಿಲು, ಮಧ್ಯಾಹ್ನದ ನೆರಳು ಸರಿಯಾದ ಜಾಗ. ಸ್ಥಳ ಬದಲಿಸಲಾಗದಿದ್ದರೆ ಪಡುವಣ ಬದಿಗೆ ನೆರಳು ಪರದೆ ಕಟ್ಟಿ.

ಉಪ್ಪಿನ ಗಾಯ ಎಲ್ಲ ಕಡೆಯ ಎಲೆಯಲ್ಲೂ ಇರುತ್ತದೆ, ಕುಂಡದ ಅಂಚಿನಲ್ಲಿ ಬಿಳಿ ಪುಡಿ ಕಟ್ಟಿರುತ್ತದೆ. ರಾಸಾಯನಿಕ ಗೊಬ್ಬರ ಜಾಸ್ತಿ ಆದಾಗ, ಗಡಸು ನೀರು ಹಾಕುತ್ತಾ ಬಂದಾಗ ಹೀಗಾಗುತ್ತದೆ. ಕುಂಡದಷ್ಟೇ ಗಾತ್ರದ ನೀರನ್ನು ಎರಡು ಮೂರು ಸಲ ನಿಧಾನವಾಗಿ ಹಾಯಿಸಿ, ಕೆಳಗಿನ ತೂತಿನಿಂದ ಹೊರಗೆ ಹರಿಯಲು ಬಿಡಿ. ಒಂದೆರಡು ತಿಂಗಳು ಗೊಬ್ಬರ ಬೇಡ.

ಬುಡಕ್ಕೆ ಒಣ ಎಲೆ, ತೊಗಟೆ ಚೂರು ಅಥವಾ ಕಾಂಪೋಸ್ಟನ್ನು 5ರಿಂದ 7 ಸೆಂಟಿಮೀಟರ್ ದಪ್ಪ ಹಾಸಿದರೆ ಬೇರು ತಂಪಾಗಿರುತ್ತದೆ. ಕಾಂಡಕ್ಕೆ ತಾಗಿಸಬೇಡಿ, ನಾಲ್ಕು ಬೆರಳು ಜಾಗ ಬಿಡಿ. ತಾಗಿದರೆ ಕಾಂಡದ ಬುಡವೇ ಕೊಳೆಯುತ್ತದೆ.

ಹಂತ 4: ಹಳದಿ ಎಲ್ಲಿಂದ ಶುರುವಾಗಿದೆ?

ಎಲೆ ಹಳದಿ ಆಗಿದೆ ಅಂದರೆ ಅರ್ಧ ಮಾತು. ಯಾವ ಎಲೆ ಅನ್ನುವುದು ಉಳಿದರ್ಧ.

ತುದಿಯ ಹೊಸ ಎಲೆ ಹಳದಿ, ಆದರೆ ನರಗಳು ಮಾತ್ರ ಹಸಿರು ಬಲೆಯ ಹಾಗೆ ಎದ್ದು ಕಾಣುತ್ತಿವೆಯೇ? ಅದು ಕಬ್ಬಿಣದ ಕೊರತೆ. ಮಣ್ಣಿನಲ್ಲಿ ಕಬ್ಬಿಣ ಇರುತ್ತದೆ, ಮಣ್ಣು ಕ್ಷಾರವಾದಾಗ ಬೇರಿಗೆ ಅದು ಸಿಗುವುದಿಲ್ಲ. ಮೊದಲು ರಸಸಾರ ಅಳೆಯಿರಿ. ಸದ್ಯದ ಮಟ್ಟಿಗೆ ಕೀಲೇಟ್ ಮಾಡಿದ ಕಬ್ಬಿಣ ಕೊಡಬಹುದು. ಕೀಲೇಟ್ ಅಂದರೆ ಮಣ್ಣಿನಲ್ಲಿ ಗಟ್ಟಿಯಾಗಿ ಕೂರದಂತೆ ಕಬ್ಬಿಣಕ್ಕೆ ಇನ್ನೊಂದು ವಸ್ತುವಿನ ಹೊದಿಕೆ ಕೊಟ್ಟಿರುವುದು. ಕ್ಷಾರ ಮಣ್ಣಿಗೆ ಪೊಟ್ಟಣದ ಮೇಲೆ ಇಡಿಡಿಎಚ್‌ಎ ಅಂತ ಬರೆದಿರುವುದೇ ಸರಿ. ಪೂರ್ತಿ ಪರಿಹಾರ ಬೇಕೆಂದರೆ ಗಂಧಕದ ಪುಡಿ ಸೇರಿಸಿ ಮಣ್ಣನ್ನು ಹುಳಿ ಕಡೆಗೆ ತರಬೇಕು, ಅದಕ್ಕೆ ತಿಂಗಳುಗಳೇ ಹಿಡಿಯುತ್ತವೆ. ಸಿಮೆಂಟ್ ಗೋಡೆಯ ಬುಡದಲ್ಲಿ ನೆಟ್ಟ ಗಿಡಗಳಲ್ಲಿ ಈ ತೊಂದರೆ ಜಾಸ್ತಿ, ಗೋಡೆಯ ಸುಣ್ಣದ ಅಂಶ ಮಣ್ಣಿಗೆ ಇಳಿಯುತ್ತಿರುತ್ತದೆ.

ಕೆಳಗಿನ ಹಳೆಯ ಎಲೆ ಪೂರ್ತಿ ಒಂದೇ ಸಮ ತಿಳಿ ಹಳದಿ, ಗಿಡದ ಬೆಳವಣಿಗೆಯೂ ಕುಂಟುತ್ತಿದ್ದರೆ ಸಾರಜನಕ ಕಡಿಮೆ. ಕಾಂಪೋಸ್ಟ್ ಕೊಡಿ. ಹಳೆಯ ಎಲೆಯಲ್ಲಿ ನರಗಳ ನಡುವೆ ಮಾತ್ರ ಹಳದಿ ಇದ್ದರೆ ಮೆಗ್ನೀಸಿಯಂ ಕಡಿಮೆ. ಎಪ್ಸಮ್ ಉಪ್ಪು, ಅಂದರೆ ಮೆಗ್ನೀಸಿಯಂ ಸಲ್ಫೇಟ್, ಕೆಲಸ ಮಾಡುವುದು ಈ ಒಂದರಲ್ಲಿ ಮಾತ್ರ. ಎಲ್ಲ ಹಳದಿಗೂ ಎಪ್ಸಮ್ ಉಪ್ಪು ಸುರಿಯುವ ಅಭ್ಯಾಸ ಬಹಳ ಜನರಿಗಿದೆ, ಬಿಟ್ಟುಬಿಡಿ. ಕಬ್ಬಿಣದ ಕೊರತೆಗೆ ಅದರಿಂದ ಏನೂ ಆಗುವುದಿಲ್ಲ.

ಎಲೆ ಉದುರುವ ಕಾಲದಲ್ಲಿ ಎಲ್ಲ ಎಲೆಯೂ ಹಳದಿಯಾದರೆ ಗಾಬರಿ ಬೇಡ. ಇದು ವರ್ಷಕ್ಕೊಮ್ಮೆ ಎಲೆ ಉದುರಿಸುವ ಗಿಡ.

ಹಂತ 5: ಚುಕ್ಕೆ, ಬೂದಿ, ತುಕ್ಕು

ಈಗ ನಿಜವಾದ ರೋಗಗಳಿಗೆ ಬಂದೆವು. ಚುಕ್ಕೆಯ ಆಕಾರ ನೋಡಿ ಗುರುತಿಸಬಹುದು.

ಸೆರ್ಕೋಸ್ಪೋರಾ ಎಲೆಚುಕ್ಕೆ. ಹೈಡ್ರೇಂಜಿಯದಲ್ಲಿ ಬಹಳ ಸಾಮಾನ್ಯ. ಮೊದಲು ನೇರಳೆ ಕಂದು ಬಣ್ಣದ ಸಣ್ಣ ಚುಕ್ಕೆ. ದೊಡ್ಡದಾದ ಮೇಲೆ ನಡುವೆ ಬೂದು, ಸುತ್ತ ನೇರಳೆ ಅಂಚು. ಬುಡದ ಎಲೆಯಿಂದ ಶುರುವಾಗಿ ಮೇಲಕ್ಕೆ ಏರುತ್ತದೆ, ಯಾಕೆಂದರೆ ನೆಲದಲ್ಲಿ ಬಿದ್ದ ಹಳೆಯ ಎಲೆಯಿಂದ ನೀರಿನ ಹನಿ ಸಿಡಿದಾಗ ಶಿಲೀಂಧ್ರದ ಬೀಜಕಣ ಮೇಲೆ ಹಾರುತ್ತದೆ. ಶಿಲೀಂಧ್ರ ಅಂದರೆ ನಾವು ಬೂಷ್ಟು ಅನ್ನುತ್ತೇವಲ್ಲ, ಆ ಜಾತಿ. ನೋಡಲು ಕೆಟ್ಟದಾಗಿ ಕಂಡರೂ ಗಿಡವನ್ನು ಕೊಲ್ಲುವುದು ಅಪರೂಪ.

ಚಿಬ್ಬು ರೋಗ. ಚುಕ್ಕೆ ದೊಡ್ಡದು, ಒಳಗೆ ಒಂದರೊಳಗೊಂದು ಬಳೆ ಇಟ್ಟ ಹಾಗೆ ಗೆರೆಗಳು. ಹೂವಿಗೂ ಹತ್ತುತ್ತದೆ. ಬಿಸಿ ಮತ್ತು ಮಳೆ ಒಟ್ಟಿಗೆ ಇದ್ದಾಗ ಬೇಗ ಹರಡುತ್ತದೆ.

ದುಂಡಾಣು ಎಲೆಚುಕ್ಕೆ. ಚುಕ್ಕೆ ದುಂಡಗಿಲ್ಲದೆ ನರಗಳ ನಡುವೆ ಮೂಲೆ ಮೂಲೆಯಾಗಿ, ಮೊದಲು ನೀರು ನೆನೆದಂತೆ ಕಾಣುತ್ತದೆ. ಕ್ವೆರ್ಸಿಫೋಲಿಯಕ್ಕೆ ಜಾಸ್ತಿ. ದುಂಡಾಣು ಅಂದರೆ ಬ್ಯಾಕ್ಟೀರಿಯಾ, ಶಿಲೀಂಧ್ರದ ಮದ್ದು ಇದಕ್ಕೆ ತಾಗುವುದಿಲ್ಲ.

ಮೂರಕ್ಕೂ ಮೊದಲ ಚಿಕಿತ್ಸೆ ಒಂದೇ, ಅದಕ್ಕೆ ಬಾಟಲಿ ಬೇಡ:

1. ಚುಕ್ಕೆ ಇರುವ ಎಲೆ ಕಿತ್ತು, ನೆಲದಲ್ಲಿ ಬಿದ್ದದ್ದನ್ನೂ ಹೆಕ್ಕಿ ಚೀಲಕ್ಕೆ ಹಾಕಿ. ಕಾಂಪೋಸ್ಟ್ ಗುಂಡಿಗೆ ಹಾಕಬೇಡಿ. ಎಲೆ ಒದ್ದೆ ಇರುವಾಗ ಈ ಕೆಲಸ ಮಾಡಬೇಡಿ, ನಿಮ್ಮ ಕೈಯೇ ರೋಗ ಹರಡುತ್ತದೆ.
2. ಪೈಪ್ ಹಿಡಿದು ಮೇಲಿಂದ ನೀರು ಹಾಯಿಸುವುದನ್ನು ನಿಲ್ಲಿಸಿ. ಬುಡಕ್ಕೆ, ಅದೂ ಬೆಳಿಗ್ಗೆ.
3. ಗಿಡದ ನಡುವಿನ ಒತ್ತಾದ ಸಣ್ಣ ಕಡ್ಡಿ ತೆಗೆದು ಗಾಳಿ ಆಡಲು ಬಿಡಿ.

ಇಷ್ಟರ ಮೇಲೂ ಪ್ರತಿ ವರ್ಷ ರೋಗ ಬರುತ್ತಿದ್ದರೆ ಆಗ ಮದ್ದು. ಶಿಲೀಂಧ್ರಕ್ಕೆ ಮ್ಯಾಂಕೋಜೆಬ್ ಅಥವಾ ಕ್ಲೋರೋಥಲೋನಿಲ್, ದುಂಡಾಣುವಿಗೆ ತಾಮ್ರದ ಮದ್ದು. ನಿಮ್ಮಲ್ಲಿ ಹೂಗಿಡಕ್ಕೆ ಬಳಸಲು ಒಪ್ಪಿಗೆ ಇರುವುದನ್ನೇ ಕೊಂಡು, ಚೀಟಿಯಲ್ಲಿ ಬರೆದ ಅಳತೆಯಲ್ಲೇ ಹೊಡೆಯಿರಿ. ಇವು ಬಂದ ಚುಕ್ಕೆಯನ್ನು ಅಳಿಸುವುದಿಲ್ಲ, ಹೊಸ ಎಲೆಗೆ ಬರದಂತೆ ತಡೆಯುತ್ತವೆ. ಅದಕ್ಕೇ ಎಲ್ಲ ಎಲೆಯೂ ಚುಕ್ಕೆಯಾದ ಮೇಲೆ, ಎಲೆ ಉದುರುವ ಹೊತ್ತಿಗೆ ಹೊಡೆಯುವುದು ದಂಡ.

ಬೂದಿ ರೋಗ. ಎಲೆಯ ಮೇಲೆ ಹಿಟ್ಟು ಚೆಲ್ಲಿದ ಹಾಗೆ ಬಿಳಿ ಪುಡಿ. ಬೆರಳಿನಿಂದ ಉಜ್ಜಿದರೆ ಬರುತ್ತದೆ. ಹಗಲು ಬೆಚ್ಚಗೆ, ರಾತ್ರಿ ತಂಪು, ಗಾಳಿ ಆಡದ ನೆರಳು ಇದಕ್ಕೆ ಇಷ್ಟ. ಇದು ಚುಕ್ಕೆ ರೋಗದ ಹಾಗಲ್ಲ, ಹರಡಲು ಎಲೆ ಒದ್ದೆ ಇರಬೇಕಾಗಿಲ್ಲ. ಬೇವಿನೆಣ್ಣೆ ಉಪಯೋಗಕ್ಕೆ ಬರುವ ಜಾಗ ಇದು: ಲೀಟರ್ ನೀರಿಗೆ 5 ಮಿಲಿಲೀಟರ್, ಬೆರೆಯಲು ಒಂದೆರಡು ಹನಿ ಸೋಪು ದ್ರಾವಣ, ಸಂಜೆ ಹೊತ್ತು. ಮೊದಲು ಒಂದೆರಡು ಎಲೆಗೆ ಹೊಡೆದು ಎರಡು ದಿನ ನೋಡಿ. ನೀರಲ್ಲಿ ಕರಗುವ ಗಂಧಕವೂ ಆಗುತ್ತದೆ. ಆದರೆ ಗಂಧಕವನ್ನು 30 ಡಿಗ್ರಿಗಿಂತ ಬಿಸಿ ಇರುವಾಗ ಹೊಡೆಯಬೇಡಿ, ಎಣ್ಣೆ ಹೊಡೆದು ಎರಡು ವಾರ ಆಗುವ ಮೊದಲೂ ಬೇಡ. ಎಲೆ ಸುಟ್ಟುಹೋಗುತ್ತದೆ.

ತುಕ್ಕು ರೋಗ ಬರುವುದು ಹೆಚ್ಚಾಗಿ ಅರ್ಬೊರೆಸೆನ್ಸ್‌ಗೆ. ಎಲೆಯ ಕೆಳಗೆ ಕಿತ್ತಳೆ ಬಣ್ಣದ ಪುಡಿ. ಎಲೆ ಕಿತ್ತು ಹಾಕಿ, ನೀರು ಬುಡಕ್ಕೆ ಕೊಡಿ, ಸಾಕು.

ಹಂತ 6: ಎಲೆ ತಿರುಗಿಸಿ ನೋಡಿ

ಹುಳುಗಳು ಎಲೆಯ ಕೆಳಗೆ ಇರುತ್ತವೆ. ನಾವು ನೋಡುವುದು ಮೇಲೆ. ಹಾಗಾಗಿ ತಿರುಗಿಸಿ.

ಎಲೆ ಮೇಲೆ ಸೂಜಿಮೊನೆಯಷ್ಟು ಬಿಳಿ ಚುಕ್ಕೆಗಳು ತುಂಬಿ ಮಂಕಾಗಿದ್ದರೆ ಕೆಳಗೆ ಬಿಳಿ ಹಾಳೆ ಹಿಡಿದು ಎಲೆಗೆ ತಟ್ಟಿ. ಬಿದ್ದ ಧೂಳಿನ ಕಣಗಳು ನಡೆದಾಡಿದರೆ ಅದು ಜೇಡನುಸಿ. ಬಿಸಿ, ಒಣ ಹವೆಯಲ್ಲಿ ಬರುತ್ತದೆ. ಎಲೆಯ ಅಡಿಗೆ ರಭಸವಾಗಿ ನೀರು ಹೊಡೆದು ತೊಳೆಯಿರಿ, ಮೂರು ದಿನಕ್ಕೊಮ್ಮೆ, ಎರಡು ವಾರ. ನೀರು ಮೇಲಿಂದ ಹಾಕಬೇಡಿ ಅಂತ ಈಗಷ್ಟೇ ಹೇಳಿದೆ, ನಿಜ. ಇದನ್ನು ಬೆಳಿಗ್ಗೆಯೇ ಮಾಡಿ, ಹೊತ್ತೇರುವಷ್ಟರಲ್ಲಿ ಎಲೆ ಒಣಗುತ್ತದೆ.

ಚಿಗುರು ಮುದುಡಿ ಅಂಟಂಟಾಗಿದ್ದರೆ ಹೇನು. ಅದನ್ನೂ ನೀರಿನಿಂದಲೇ ಹಾರಿಸಬಹುದು. ಉಳಿದವಕ್ಕೆ ಕೀಟಗಳಿಗಾಗಿ ಮಾಡಿದ ಸೋಪು ದ್ರಾವಣ. ಪಾತ್ರೆ ತೊಳೆಯುವ ಸೋಪನ್ನು ಕೈ ಅಳತೆಯಲ್ಲಿ ಸುರಿದು ಹೊಡೆದರೆ ಚಿಗುರೇ ಸುಡುತ್ತದೆ.

ಎಲೆಯ ಅಡಿಯಲ್ಲಿ, ಕಾಂಡದ ಮೇಲೆ ಹತ್ತಿಯಂತಹ ಬಿಳಿ ಮುದ್ದೆ ಅಂಟಿದ್ದರೆ ಹಿಟ್ಟುತಿಗಣೆ ಅಥವಾ ಹೈಡ್ರೇಂಜಿಯದ ಶಲ್ಕಕೀಟ. ಶಲ್ಕಕೀಟ ಅಂದರೆ ಬೆನ್ನಿಗೆ ಚಿಪ್ಪು ಹೊತ್ತು ಒಂದೇ ಕಡೆ ಕೂತು ರಸ ಹೀರುವ ಹುಳು, ಆ ಬಿಳಿ ಅದರ ಮೊಟ್ಟೆ ಚೀಲ. ಸ್ಪಿರಿಟ್‌ನಲ್ಲಿ ಅದ್ದಿದ ಹತ್ತಿಯಿಂದ ಒರೆಸಿ ತೆಗೆಯಿರಿ. ತುಂಬಾ ಇದ್ದರೆ ಆ ಕಡ್ಡಿಯನ್ನೇ ಕತ್ತರಿಸಿ.

ತುದಿಯ ಎರಡು ಎಲೆ ಹೊಲಿದ ಹಾಗೆ ಅಂಟಿಕೊಂಡು ಪೊಟ್ಟಣದಂತೆ ಆಗಿದೆಯೇ? ಒಳಗೆ ಒಂದು ಹಸಿರು ಮರಿಹುಳು ಕೂತಿರುತ್ತದೆ. ಬಿಡಿಸಿ ತೆಗೆಯಿರಿ. ಮದ್ದು ಆ ಪೊಟ್ಟಣದ ಒಳಗೆ ಹೋಗುವುದೂ ಇಲ್ಲ.

ಎಲೆಯಲ್ಲಿ ದೊಡ್ಡ ತೂತು, ಪಕ್ಕದಲ್ಲಿ ಹೊಳೆಯುವ ಲೋಳೆಯ ಗೆರೆ ಇದ್ದರೆ ಬಸವನಹುಳು. ರಾತ್ರಿ ಟಾರ್ಚ್ ಹಿಡಿದು ಹೆಕ್ಕುವುದಕ್ಕಿಂತ ಒಳ್ಳೆಯ ಉಪಾಯ ನನಗೆ ಕಂಡಿಲ್ಲ.

ಹಂತ 7: ಹೂ ಯಾಕೆ ಬಿಡುತ್ತಿಲ್ಲ?

ಚೀಟಿಯಲ್ಲಿ ಬರೆದ ಜಾತಿ ನೋಡಿ. ಉತ್ತರ ಅಲ್ಲೇ ಇದೆ.

ಮ್ಯಾಕ್ರೋಫಿಲ್ಲಾ, ಸೆರ್ರಾಟಾ, ಕ್ವೆರ್ಸಿಫೋಲಿಯ ಹಳೆಯ ಕಡ್ಡಿಯಲ್ಲಿ ಹೂ ಬಿಡುತ್ತವೆ. ಅಂದರೆ ಮುಂದಿನ ವರ್ಷದ ಹೂಮೊಗ್ಗು ಈ ವರ್ಷದ ಬೇಸಿಗೆಯ ಕೊನೆಗೇ, ಕಡ್ಡಿಯ ತುದಿಯಲ್ಲಿ ಕೂತಾಗಿರುತ್ತದೆ. ಚಳಿಯಲ್ಲಿ ಎಲೆಯುದುರಿ ಬರೀ ಕಡ್ಡಿ ನಿಂತಿರುವಾಗ, ಅಂದವಾಗಿ ಕಾಣಲಿ ಅಂತ ಸಮನಾಗಿ ಕತ್ತರಿಸುತ್ತೇವೆ. ಅಲ್ಲಿಗೆ ಆ ವರ್ಷದ ಹೂವೆಲ್ಲ ಕಸದ ಬುಟ್ಟಿಗೆ ಹೋಯಿತು. ಗಿಡ ಹಸಿರಾಗಿ ಚೆನ್ನಾಗಿ ಬೆಳೆಯುತ್ತದೆ, ಹೂ ಮಾತ್ರ ಇಲ್ಲ. ಇವನ್ನು ಸವರುವುದಾದರೆ ಹೂ ಬಾಡಿದ ಕೂಡಲೇ, ಗೊಂಚಲಿನ ಕೆಳಗಿರುವ ಮೊದಲ ದಪ್ಪ ಮೊಗ್ಗಿನ ಜೋಡಿಯ ಮೇಲೆ ಕತ್ತರಿಸಿ. ತಡವಾಯಿತೇ? ಹಾಗಾದರೆ ಮುಟ್ಟಬೇಡಿ.

ಪ್ಯಾನಿಕ್ಯುಲೇಟಾ, ಅರ್ಬೊರೆಸೆನ್ಸ್ ಆ ವರ್ಷದ ಹೊಸ ಚಿಗುರಿನಲ್ಲೇ ಹೂ ಬಿಡುತ್ತವೆ. ಇವನ್ನು ಚಳಿಗಾಲದ ಕೊನೆಗೆ, ಚಿಗುರುವ ಮೊದಲು ಧಾರಾಳವಾಗಿ ಸವರಬಹುದು. ಎರಡೂ ಬಗೆಯ ಕಡ್ಡಿಯಲ್ಲಿ ಹೂ ಬಿಡುವ 'ಎಂಡ್‌ಲೆಸ್ ಸಮ್ಮರ್' ತರಹದ ಮ್ಯಾಕ್ರೋಫಿಲ್ಲಾ ತಳಿಗಳೂ ಇವೆ. ಅಂಥದ್ದಕ್ಕೂ ಹಳೆಯ ಕಡ್ಡಿ ಉಳಿಸಿದರೆ ಹೂ ಜಾಸ್ತಿ.

ಕತ್ತರಿ ಮುಟ್ಟಿಸಿಲ್ಲ, ಆದರೂ ಹೂವಿಲ್ಲ ಅನ್ನುವವರಿಗೆ ಉಳಿದ ಕಾರಣಗಳು.

ಹಿಮ. ಕೊರೆಯುವ ಚಳಿ ಇರುವ ಕಡೆ ತುದಿಯ ಮೊಗ್ಗು ಸತ್ತು, ಬುಡದಿಂದ ಹೊಸ ಚಿಗುರು ಬರುತ್ತದೆ. ಕಡ್ಡಿ ಸತ್ತಿದೆಯೇ ಅಂತ ನೋಡಲು ಉಗುರಿನಿಂದ ತೊಗಟೆ ಕೆರೆಯಿರಿ, ಒಳಗೆ ಹಸಿರಿದ್ದರೆ ಜೀವ ಇದೆ. ಚಿಗುರು ಪೂರ್ತಿ ಬರುವ ತನಕ ಒಣಗಿದಂತೆ ಕಾಣುವ ಕಡ್ಡಿಯನ್ನು ಕತ್ತರಿಸಬೇಡಿ.

ಚಳಿಯೇ ಇಲ್ಲದಿರುವುದು. ಇದು ತದ್ವಿರುದ್ಧ ಕಥೆ. ಮ್ಯಾಕ್ರೋಫಿಲ್ಲಾದಲ್ಲಿ ಹೂಮೊಗ್ಗು ಕಟ್ಟಲು ಸಾಮಾನ್ಯವಾಗಿ 18 ಡಿಗ್ರಿಗಿಂತ ತಂಪಾದ ಕೆಲವು ವಾರಗಳು ಬೇಕು, ಆ ಮೊಗ್ಗು ಚೆನ್ನಾಗಿ ಅರಳಲು ಅದಕ್ಕಿಂತ ಹೆಚ್ಚಿನ ತಂಪಿನಲ್ಲಿ ವಿಶ್ರಾಂತಿ ಬೇಕು. ಹೂ ಬಿಟ್ಟ ಕುಂಡ ತಂದು ವರ್ಷವಿಡೀ ಸೆಕೆ ಇರುವ ಕಡೆ ಇಟ್ಟರೆ ಮರುವರ್ಷ ಎಲೆ ಮಾತ್ರ. ಅಲ್ಲಿ ನಿಮ್ಮ ತಪ್ಪೂ ಇಲ್ಲ, ಗಿಡದ ತಪ್ಪೂ ಇಲ್ಲ. ಯಾವ ಗೊಬ್ಬರವೂ ಇದನ್ನು ಸರಿ ಮಾಡದು.

ಸಾರಜನಕ ಜಾಸ್ತಿ. ಪಕ್ಕದ ಹುಲ್ಲುಹಾಸಿಗೆ ಹಾಕಿದ ಗೊಬ್ಬರ ಹರಿದು ಬಂದರೂ ಸಾಕು, ಎಲೆ ದಟ್ಟವಾಗುತ್ತದೆ, ಹೂ ನಿಲ್ಲುತ್ತದೆ.

ಕತ್ತಲೆ. ನೆರಳು ಬೇಕು ಅಂತ ಬಿಸಿಲೇ ಬೀಳದ ಮೂಲೆಗೆ ಇಟ್ಟರೆ ಹೂ ಬಿಡುವುದಿಲ್ಲ. ಬೆಳಗಿನ ಮೂರು ನಾಲ್ಕು ಗಂಟೆ ಬಿಸಿಲು ಬೇಕೇ ಬೇಕು.

ಹಂತ 8: ಹೂ ಬಂದಿದೆ, ಆದರೆ ಸರಿಯಿಲ್ಲ

ಹೂ ಅರ್ಧಕ್ಕೇ ಕಂದಾಗಿ ಒಣಗಿದರೆ ಹಂತ 2 ಮತ್ತು 3ಕ್ಕೆ ಹಿಂದಿರುಗಿ, ನೀರು ಮತ್ತು ಬಿಸಿಲೇ ಕಾರಣ. ಹೂವಿನ ಮೇಲೆ ಒದ್ದೆ ಕಂದು ಮಚ್ಚೆ ಎದ್ದು, ಆಮೇಲೆ ಬೂದು ರೋಮದಂತೆ ಬೂಷ್ಟು ಕಟ್ಟಿದರೆ ಅದು ಬೊಟ್ರೈಟಿಸ್, ತಂಪು ತೇವ ಹವೆಯ ಕಾಯಿಲೆ. ಆ ಗೊಂಚಲು ಕತ್ತರಿಸಿ ಹಾಕಿ, ಉಳಿದ ಹೂವಿಗೆ ನೀರು ತಾಗಿಸಬೇಡಿ.

ಹೂ ಹಸಿರಾಯಿತು ಅನ್ನುವುದು ಎರಡು ಬಗೆ. ತಿಂಗಳುಗಟ್ಟಲೆ ಇದ್ದ ಹೂ ಕೊನೆಗೆ ಹಸಿರಿಗೆ ತಿರುಗುವುದು ಸಹಜ. ನಾವು ದಳ ಅಂದುಕೊಂಡಿರುವುದು ನಿಜವಾಗಿ ಪುಷ್ಪಪತ್ರ, ಅಂದರೆ ಮೊಗ್ಗನ್ನು ಮುಚ್ಚಿರುವ ಹಸಿರು ಎಸಳಿನ ಬಣ್ಣದ ರೂಪ. ಅದಕ್ಕೇ ಹಸಿರು ಮರಳಿ ಬರುತ್ತದೆ. 'ಅನಾಬೆಲ್' ಶುರುವಿನಲ್ಲೂ ಕೊನೆಯಲ್ಲೂ ಹಸಿರು. 'ಲೈಮ್‌ಲೈಟ್' ಅನ್ನುವ ಪ್ಯಾನಿಕ್ಯುಲೇಟಾ ತಳಿಯ ಬಣ್ಣವೇ ಅದು. ಆದರೆ ಈಗಷ್ಟೇ ಅರಳಿದ ಹೂ ಎಲೆಯಂತೆ ಹಸಿರಾಗಿ, ನಡುವಿನಿಂದ ಪುಟ್ಟ ಎಲೆಗಳೇ ಹೊರಟಿದ್ದರೆ, ಗಿಡವೂ ಕುಗ್ಗುತ್ತಿದ್ದರೆ ಅದು ಫೈಟೋಪ್ಲಾಸ್ಮಾ ಇರಬಹುದು. ಇದು ಗಿಡದ ರಸನಾಳದಲ್ಲಿ ಬದುಕುವ ಒಂದು ಬಗೆಯ ದುಂಡಾಣು, ಜಿಗಿಹುಳುಗಳು ಹೊತ್ತು ತರುತ್ತವೆ. ಮದ್ದಿಲ್ಲ.

ಇನ್ನು ಬಣ್ಣ. ನೀಲಿ ಬರುವುದು ಮಣ್ಣಿನ ಹುಳಿಯಿಂದಲ್ಲ, ಅಲ್ಯೂಮಿನಿಯಂನಿಂದ. ಮಣ್ಣು ಹುಳಿ ಇದ್ದಾಗ, ರಸಸಾರ 5.5 ಅಥವಾ ಕೆಳಗೆ, ಅಲ್ಯೂಮಿನಿಯಂ ಕರಗಿ ಬೇರಿಗೆ ಸಿಗುತ್ತದೆ, ಹೂವಿನ ಬಣ್ಣದ ಜೊತೆ ಸೇರಿ ನೀಲಿ ಮಾಡುತ್ತದೆ. 6.5 ದಾಟಿದರೆ ಅದು ಸಿಗುವುದಿಲ್ಲ, ಹೂ ಗುಲಾಬಿ. ನಡುವೆ ಇದ್ದರೆ ನೇರಳೆ, ಕೆಲವು ಸಲ ಒಂದೇ ಗಿಡದಲ್ಲಿ ಎರಡೂ. ನೀಲಿ ಬೇಕಾದರೆ 4 ಲೀಟರ್ ನೀರಿಗೆ ಒಂದು ದೊಡ್ಡ ಚಮಚ, ಸುಮಾರು 15 ಗ್ರಾಂ, ಅಲ್ಯೂಮಿನಿಯಂ ಸಲ್ಫೇಟ್ ಕರಗಿಸಿ, ಮೊದಲೇ ನೆನೆದ ಮಣ್ಣಿಗೆ ಹಾಕಿ. ಒಣ ಮಣ್ಣಿಗೆ ಹಾಕಿದರೆ, ಇಲ್ಲವೇ ಬೇಗ ನೀಲಿಯಾಗಲಿ ಅಂತ ಜಾಸ್ತಿ ಹಾಕಿದರೆ ಬೇರು ಸುಡುತ್ತದೆ. ರಂಜಕ ಜಾಸ್ತಿ ಇರುವ ಗೊಬ್ಬರ ಬೇಡ, ರಂಜಕ ಅಲ್ಯೂಮಿನಿಯಂ ಅನ್ನು ಹಿಡಿದಿಟ್ಟುಕೊಳ್ಳುತ್ತದೆ. ಗುಲಾಬಿ ಬೇಕಾದರೆ ತೋಟಕ್ಕೆ ಬಳಸುವ ಸುಣ್ಣ, ಆದರೆ ರಸಸಾರ ಅಳೆದುಕೊಂಡೇ ಹಾಕಿ. ಜಾಸ್ತಿಯಾದರೆ ಹಂತ 4ರ ಹಳದಿ ಬರುತ್ತದೆ. ಬಿಳಿ ತಳಿ ಏನು ಮಾಡಿದರೂ ನೀಲಿಯಾಗುವುದಿಲ್ಲ.

ತುಕ್ಕು ಹಿಡಿದ ಮೊಳೆ ಹೂತರೆ ನೀಲಿಯಾಗುತ್ತದಂತೆ, ಕಾಫಿ ಗಸಿ ಹಾಕಿದರೆ ಆಗುತ್ತದಂತೆ ಅಂತ ಕೇಳಿರುತ್ತೀರಿ. ಮೊಳೆಯಲ್ಲಿರುವುದು ಕಬ್ಬಿಣ, ನೀಲಿಗೆ ಬೇಕಾದದ್ದು ಅಲ್ಯೂಮಿನಿಯಂ. ಕುದಿಸಿ ಸೋಸಿದ ಗಸಿಯಲ್ಲಿ ಹುಳಿ ಹೆಚ್ಚು ಉಳಿದಿರುವುದೂ ಇಲ್ಲ.

ಹಂತ 9: ಯಾವ ಗಿಡವನ್ನು ಕಿತ್ತು ಹಾಕಬೇಕು?

ಎರಡೇ ಸಂದರ್ಭದಲ್ಲಿ ನಾನು ಗಿಡ ಕೀಳಿ ಅನ್ನುತ್ತೇನೆ. ಒಂದು, ಈಗ ಹೇಳಿದ ಫೈಟೋಪ್ಲಾಸ್ಮಾ. ಇನ್ನೊಂದು, ನಂಜು ರೋಗ, ಅಂದರೆ ವೈರಸ್. ಎಲೆಯಲ್ಲಿ ತಿಳಿ ಹಳದಿ ಅಥವಾ ಕಂದು ಉಂಗುರಗಳು, ಎಲೆ ಸುರುಟಿಕೊಳ್ಳುವುದು, ಹೂಗೊಂಚಲು ವರ್ಷದಿಂದ ವರ್ಷಕ್ಕೆ ಸಣ್ಣದಾಗುವುದು ಇದರ ಗುರುತು. ಹೈಡ್ರೇಂಜಿಯದ ಉಂಗುರಚುಕ್ಕೆ ವೈರಸ್ ಗಿಡದ ರಸದಿಂದ ಹರಡುತ್ತದೆ, ಹೆಚ್ಚಾಗಿ ನಮ್ಮ ಕತ್ತರಿಯಿಂದಲೇ. ಒಂದು ಗಿಡ ಸವರಿ ಇನ್ನೊಂದಕ್ಕೆ ಹೋಗುವ ಮೊದಲು ಕತ್ತರಿಯ ಅಲಗು ಒರೆಸಿ. ಸ್ಪಿರಿಟ್ ಬೂಷ್ಟು, ದುಂಡಾಣುವಿಗೆ ಸಾಕು. ವೈರಸ್ ಅನುಮಾನ ಇರುವ ಗಿಡವನ್ನು ಮಾತ್ರ ಎಲ್ಲಕ್ಕಿಂತ ಕೊನೆಗೆ ಮುಟ್ಟಿ, ಅದರಿಂದ ಕಡ್ಡಿ ತೆಗೆದು ಯಾರಿಗೂ ಕೊಡಬೇಡಿ.

ಎಷ್ಟು ದಿನ ಕಾಯಬೇಕು?

ಬಾಯಾರಿದ ಗಿಡ ನೀರು ಕುಡಿದ ದಿನ ಸಂಜೆಯೊಳಗೆ ಎದ್ದು ನಿಲ್ಲುತ್ತದೆ. ಕಬ್ಬಿಣ ಕೊಟ್ಟರೆ ಕೆಲವು ವಾರಗಳಲ್ಲಿ ಬರುವ ಚಿಗುರು ಹಸಿರಾಗಿರುತ್ತದೆ. ಬಣ್ಣ ಬದಲಾಗಲು ತಿಂಗಳುಗಳು ಬೇಕು, ಈಗಾಗಲೇ ಅರಳಿದ ಹೂ ಹಾಗೇ ಇರುತ್ತದೆ. ತಪ್ಪಾಗಿ ಸವರಿದ ಹಳೆಕಡ್ಡಿ ಜಾತಿಗೆ ಇನ್ನೊಂದು ವರ್ಷ. ಸುಟ್ಟ ಎಲೆ, ಚುಕ್ಕೆ ಬಿದ್ದ ಎಲೆ ಯಾವತ್ತೂ ಮೊದಲಿನಂತೆ ಆಗುವುದಿಲ್ಲ. ಹಾಗಾಗಿ ಮಾಡಿದ ಉಪಾಯ ಹಿಡಿಯಿತೋ ಇಲ್ಲವೋ ಅಂತ ಹಳೆಯ ಎಲೆ ನೋಡಿ ಅಳೆಯಬೇಡಿ. ತುದಿಯಲ್ಲಿ ಹೊಸದಾಗಿ ಬಿಚ್ಚಿದ ಎರಡು ಎಲೆ ನೋಡಿ.